ಎರಡನೆಯ ಸಾಕ್ಷಿ

ಅವರ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಹೆಸರು ಹಿಡಿದು ಹೇಳಬೇಕಾದ ಹೊತ್ತು ಒಂದು ಬಂದಿತ್ತು. ಆಗ ಬಾಯಿಗೆ ಬೀಗ ಹಾಕಿಕೊಂಡವಳು ಈಗ ಸತ್ತವರ ಹೆಸರನ್ನು ದಪ್ಪ ಅಕ್ಷರದಲ್ಲಿ ಬರೆದು ಕಣ್ಣೊರೆಸಿಕೊಂಡರೆ ಅದಕ್ಕಿಂತ ನಾಚಿಕೆಗೇಡು ಇನ್ನೊಂದಿಲ್ಲ. ಅವರು ನಮ್ಮ ಶಾಲೆಯಲ್ಲಿ ಇತಿಹಾಸ ಕಲಿಸುತ್ತಿದ್ದರು, ಮಂಗಳೂರಿನವರು, ನಾನು ಅವರನ್ನು ‘ಸರ’ ಎನ್ನುತ್ತಿದ್ದೆ. ಇಷ್ಟು ಸಾಕು.

ಸತ್ತ ಸುದ್ದಿ ಬಂದದ್ದು ಕ್ವಾಲಾಲಂಪುರದ ನಮ್ಮ ಕನ್ನಡಿಗರ ವಾಟ್ಸಾಪ್ ಗುಂಪಿನಲ್ಲಿ. ಊರಿನಲ್ಲಿ ಎರಡನೆಯ ಅಲೆ ಎದ್ದಿದ್ದ ಮೇ ತಿಂಗಳು. ಮಂಗಳೂರಿನ ಆಸ್ಪತ್ರೆಯಲ್ಲಿ ಒಂದು ವಾರ ಇದ್ದರಂತೆ, ಜೊತೆಗೆ ಯಾರೂ ಇರಲಿಲ್ಲವಂತೆ. ಆ ಸುದ್ದಿಯ ಕೆಳಗೆ ಸಾಲಾಗಿ ಕೈಮುಗಿದ ಚಿತ್ರಗಳು ಬಿದ್ದವು. ಅವು ಮುಗಿಯುವುದರೊಳಗೆ ಯಾರೋ ‘ಕ್ಲಾಂಗಿಗೆ ಬ್ಯಾಡಗಿ ಮೆಣಸಿನಕಾಯಿ ಬಂದಿದೆ, ಬೇಕಾದವರು ತಿಳಿಸಿ’ ಎಂದು ಹಾಕಿದರು. ನಾನೂ ಕೈಮುಗಿದೆ. ಆಮೇಲೆ ನನಗೆ ಅರ್ಧ ಕಿಲೋ ಬೇಕು ಎಂದು ಬರೆದೆ.

ನಾನು ಧಾರವಾಡದವಳು, ಗಣಿತದ ಟೀಚರು. ಗಂಡನಿಗೆ ಕ್ಲಾಂಗ್ ಬಂದರಿನ ಒಂದು ಸರಕು ಸಾಗಣೆ ಕಂಪನಿಯಲ್ಲಿ ಕೆಲಸ ಸಿಕ್ಕಿ ಮಲೇಷ್ಯಾಕ್ಕೆ ಬಂದೆವು. ವರ್ಷದೊಳಗೆ ನನಗೂ ಮಾಂಟ್ ಕಿಯಾರಾದ ಒಂದು ಅಂತರರಾಷ್ಟ್ರೀಯ ಶಾಲೆಯಲ್ಲಿ ಕೆಲಸವಾಯಿತು. ಮೊದಲ ದಿನ ಸ್ಟಾಫ್ ರೂಮಿನ ಮೂಲೆಯಲ್ಲಿ ಅವ್ವನಿಗೆ ಫೋನು ಮಾಡಿ ‘ಎಲ್ಲಾ ಛಲೋ ಐತಿ’ ಎನ್ನುತ್ತಿದ್ದಾಗ ಎದುರಿನ ಕುರ್ಚಿಯಲ್ಲಿ ಕೂತಿದ್ದ, ಐವತ್ತು ದಾಟಿದ ತೆಳ್ಳನೆಯ ಮನುಷ್ಯ ತಲೆಯೆತ್ತಿ ನೋಡಿದರು. ಅಂಗಿಯ ಜೇಬಿನಲ್ಲಿ ಒಂದು ಸೀಮೆಸುಣ್ಣದ ತುಂಡು ಇಣುಕುತ್ತಿತ್ತು. ಆ ಶಾಲೆಯಲ್ಲಿ ಕರಿಹಲಗೆಯೇ ಇರಲಿಲ್ಲ. ಫೋನು ಇಟ್ಟ ಮೇಲೆ ಅವರು ನನ್ನ ಹೆಸರು ಕೇಳಲಿಲ್ಲ, ಯಾವ ಊರು ಎಂದೂ ಕೇಳಲಿಲ್ಲ.

“ನಿಮ್ಮ ಮನೆಗೆ ಕಿಟಕಿ ಎಷ್ಟುಂಟು ಟೀಚರೇ?” ಎಂದರು.

“ಏನ್ರಿ?”

“ಕಿಟಕಿ, ಕಿಟಕಿ. ಎಷ್ಟು?”

ನಾನು ಎಣಿಸಿ ಆರು ಎಂದೆ. “ಹಾಗಾದ್ರೆ ನೀವು ಇಲ್ಲಿ ವಾಸ ಇದ್ದೀರಿ ಅಂತ ಆಯ್ತು,” ಎಂದು ತಲೆಯಾಡಿಸಿ ಮತ್ತೆ ಉತ್ತರಪತ್ರಿಕೆಗಳಿಗೆ ಬಗ್ಗಿದರು. ತಲೆಕೆಟ್ಟ ಮನುಷ್ಯ ಎಂದುಕೊಂಡೆ. ಆ ಅಭಿಪ್ರಾಯವನ್ನು ಬದಲಿಸಿಕೊಳ್ಳಲು ನನಗೆ ಒಂದು ವರ್ಷ ಬೇಕಾಯಿತು.

ಕಿಟಕಿಯ ಗುಟ್ಟು ಅವರ ಪೆಟ್ಟಿಗೆಯಲ್ಲಿತ್ತು. ಅವರ ಅಜ್ಜ ಮಂಗಳೂರಿನ ಜರ್ಮನ್ ಪಾದ್ರಿಗಳ ಅಚ್ಚುಕೂಟದಲ್ಲಿ ಪುಸ್ತಕ ಕಟ್ಟುವ ಕೆಲಸ ಮಾಡುತ್ತಿದ್ದವರು. ಮೊದಲನೆಯ ಮಹಾಯುದ್ಧ ಶುರುವಾಗಿ ಬ್ರಿಟಿಷರು ಜರ್ಮನರನ್ನೆಲ್ಲ ಹಿಡಿದು ಸಾಗಿಸಿದಾಗ ಒಬ್ಬ ಮುದುಕ ಪಾದ್ರಿ ಅಜ್ಜನ ಕೈಗೆ ಒಂದು ತಗಡಿನ ಪೆಟ್ಟಿಗೆ ಕೊಟ್ಟು, ತಿರುಗಿ ಬಂದು ತೆಗೆದುಕೊಳ್ಳುತ್ತೇನೆ ಎಂದು ಹೋದನಂತೆ. ತಿರುಗಿ ಬರಲಿಲ್ಲ. ಪೆಟ್ಟಿಗೆಯಲ್ಲಿದ್ದದ್ದು ಆ ಪಾದ್ರಿಗೆ ಅವನ ತಮ್ಮ ಅಮೆರಿಕದಿಂದ ಬರೆದ ಪತ್ರಗಳು. ದಕ್ಷಿಣ ಜರ್ಮನಿಯ ಒಂದೇ ಮನೆಯ ಅಣ್ಣತಮ್ಮಂದಿರು. ಅಪ್ಪನ ಹೊಲವನ್ನು ತಲೆಮಾರಿನಿಂದ ತಲೆಮಾರಿಗೆ ಪಾಲು ಮಾಡಿ ಮಾಡಿ, ಇವರ ಕಾಲಕ್ಕೆ ಕೋಳಿ ಕೆದಕಲಿಕ್ಕೂ ಸಾಲದಷ್ಟು ಉಳಿದಿತ್ತಂತೆ. ಅಣ್ಣ ದೇವರ ಕೆಲಸಕ್ಕೆಂದು ಮಂಗಳೂರಿಗೆ ಬಂದ. ತಮ್ಮ ನೆಲ ಸಿಗುತ್ತದೆಂದು ನೆಬ್ರಾಸ್ಕಾದ ಹುಲ್ಲುಗಾವಲಿಗೆ ಹೋದ.

ಆ ಪತ್ರಗಳ ಹಳೆಯ ಜರ್ಮನ್ ಕೈಬರಹವನ್ನು ಈಗಿನ ಜರ್ಮನರೇ ಓದಲಾರರಂತೆ. ನನಗೆ ಒಮ್ಮೆ ಒಂದು ಹಾಳೆ ತೋರಿಸಿದ್ದರು. ಹೊಲಿಗೆ ಮಿಷನ್ನಿನಲ್ಲಿ ದಾರ ಸಿಕ್ಕಿಕೊಂಡ ಹಾಗೆ ಬರೀ ಮೇಲೆ ಕೆಳಗೆ ಗೀರು. ಇವರು ಮಂಗಳೂರಿನಲ್ಲಿ ಉಳಿದಿದ್ದ ಒಬ್ಬ ಮುದಿ ಜರ್ಮನ್ ನರ್ಸಮ್ಮನ ಬೆನ್ನು ಬಿದ್ದು ಅದನ್ನು ಕಲಿತಿದ್ದರು. ಕಲಿತು, ಒಂದೊಂದೇ ಪತ್ರವನ್ನು ಕನ್ನಡಕ್ಕೆ ಇಳಿಸುತ್ತಿದ್ದರು. ಇಪ್ಪತ್ತು ವರ್ಷದಿಂದ ಅದೇ ಕೆಲಸ. ಮದುವೆಯಾಗಲಿಲ್ಲ. ಕ್ವಾಲಾಲಂಪುರದ ಬ್ರಿಕ್‌ಫೀಲ್ಡ್ಸಿನಲ್ಲಿ ಒಬ್ಬ ತಮಿಳು ಅಮ್ಮನ ಮನೆಯ ಮೇಲಿನ ಕೋಣೆ, ಒಂದು ಭೂತಗನ್ನಡಿ, ಒಂದು ರೂಳು ನೋಟುಬುಕ್ಕು.

“ಕನ್ನಡದಾಗ ಇದನ್ನ ಯಾರ್ ಓದ್ತಾರ್ರಿ ಸರ? ಇಂಗ್ಲಿಷಿನಾಗ ಮಾಡ್ರಿ, ಯಾವುದರೆ ಯೂನಿವರ್ಸಿಟಿಯವರು ತಗೋತಾರ,” ಎಂದಿದ್ದೆ ಒಮ್ಮೆ.

“ಪೆಟ್ಟಿಗೆ ಕಾದದ್ದು ಯಾರು? ನನ್ನ ಅಜ್ಜ. ಅಜ್ಜನಿಗೆ ಇಂಗ್ಲಿಷ್ ಬರ್ತಿತ್ತಾ?” ಎಂದು ನನ್ನನ್ನೇ ಗದರಿದರು.

ಗದರುವುದು ಅವರ ಸ್ವಭಾವ. ಮೆತ್ತಗಿನ ಮನುಷ್ಯ ಅಲ್ಲವೇ ಅಲ್ಲ. ಇಲ್ಲಿಯ ಕನ್ನಡ ಸಂಘದವರು ಒಮ್ಮೆ ರಾಜ್ಯೋತ್ಸವಕ್ಕೆ ಭಾಷಣಕ್ಕೆ ಕರೆದು ಪಶ್ಚಾತ್ತಾಪಪಟ್ಟರು. ಮೆಲಾಕಾದಿಂದ ಬಂದಿದ್ದ ಉಡುಪಿಯ ಡಾಕ್ಟರೊಬ್ಬರು ‘ಹೊರನಾಡ ಕನ್ನಡಿಗರ ಸಾಹಸ’ ಎಂದು ಅರ್ಧ ಗಂಟೆ ಮಾತಾಡಿ ಕೂತ ಮೇಲೆ ಇವರು ಎದ್ದು, ಆ ನೆಬ್ರಾಸ್ಕಾದವನ ಮೊದಲ ಮೂರು ಪತ್ರ ಓದಿದರು. ಮಣ್ಣು ಕಪ್ಪಗಿದೆ, ಗೋಧಿ ಆಳೆತ್ತರ ಬೆಳೆಯುತ್ತದೆ, ನಾವು ಕ್ಷೇಮ. ಆಮೇಲೆ ನಾಲ್ಕನೆಯದನ್ನು ಓದಿದರು. ಮರವೇ ಇಲ್ಲದ ಆ ಬಯಲಿನಲ್ಲಿ ಹುಲ್ಲಿನ ಬೇರುಸಮೇತ ಮಣ್ಣನ್ನು ಇಟ್ಟಿಗೆಯ ಹಾಗೆ ಕತ್ತರಿಸಿ ಕಟ್ಟಿದ ಮನೆ, ಮಳೆ ನಿಂತು ಎರಡು ದಿನವಾದರೂ ಸೋರುವ ಮಾಡು, ತೊಟ್ಟಿಲಿಗೆ ಬಿದ್ದ ಹಾವು, ಆ ತೊಟ್ಟಿಲು ಆಮೇಲೆ ಬೇಕಾಗದೆ ಹೋದದ್ದು. “ಮೊದಲ ಮೂರು ಪತ್ರ ನಾವೆಲ್ಲ ಬರೀತೇವೆ. ನಾಲ್ಕನೆಯದು ಬರೆಯುವ ಧೈರ್ಯ ಇಲ್ಲಿ ಯಾರಿಗುಂಟು?” ಎಂದು ಕೇಳಿ ಇಳಿದುಬಿಟ್ಟರು. ಚಪ್ಪಾಳೆ ಬೀಳಲಿಲ್ಲ. ಊಟದ ಸಾಲಿನಲ್ಲಿ ಅವರ ಹಿಂದೆ ಯಾರೂ ನಿಲ್ಲಲಿಲ್ಲ, ನಾನೊಬ್ಬಳು ನಿಂತೆ. ಆ ದಿನ ನಿಲ್ಲುವುದಕ್ಕೆ ಏನೂ ಖರ್ಚಿರಲಿಲ್ಲ.

ಶಾಲೆ ಬಿಟ್ಟ ಮೇಲೆ ಒಮ್ಮೊಮ್ಮೆ ಪಕ್ಕದ ಮಾಮಕ್ ಅಂಗಡಿಯಲ್ಲಿ, ಅಂದರೆ ತಮಿಳು ಮುಸ್ಲಿಮರ ಹೋಟೆಲಿನಲ್ಲಿ, ಕೂರುತ್ತಿದ್ದೆವು. ಪರೋಟದಂಥ ಬಿಸಿ ರೊಟ್ಟಿ ಚನಾಯಿಯನ್ನು ಬೇಳೆಸಾರಿಗೆ ಅದ್ದುವಾಗಲೆಲ್ಲ ಆ ಜರ್ಮನ್ ರೈತರ ಗಾದೆಯೊಂದನ್ನು ಹೇಳುತ್ತಿದ್ದರು: ವಲಸೆ ಹೋದ ಮೊದಲನೆಯವನಿಗೆ ಸಾವು, ಎರಡನೆಯವನಿಗೆ ಹಸಿವು, ಮೂರನೆಯವನಿಗೆ ರೊಟ್ಟಿ.

“ಹಂಗಾರ ನಾವು ಎಷ್ಟನೇದವರ್ರಿ ಸರ?”

“ನಾವಾ? ನಾವು ಆ ಲೆಕ್ಕದಲ್ಲೇ ಇಲ್ಲ ಮಾರಾಯ್ರೆ. ನಾವು ಪಾಸಿನವರು. ಎರಡು ವರ್ಷಕ್ಕೊಮ್ಮೆ ಸಾಯ್ಲಿಕ್ಕುಂಟು, ಸೀಲು ಬಿದ್ರೆ ಪುನಃ ಹುಟ್ಲಿಕ್ಕುಂಟು.”

ನಮ್ಮಿಬ್ಬರದೂ ಎರಡು ವರ್ಷದ ಕೆಲಸದ ಪಾಸು. ಶಾಲೆ ಬೇಡವೆಂದರೆ ಪಾಸಿಲ್ಲ, ಪಾಸಿಲ್ಲದಿದ್ದರೆ ದೇಶವಿಲ್ಲ. ಅವರು ಹದಿನೇಳು ವರ್ಷದಿಂದ ಹಾಗೆಯೇ ಸತ್ತು ಹುಟ್ಟಿ ಇದ್ದವರು.

ಅವರ ಪಾಠಗಳಲ್ಲಿ ಮಕ್ಕಳು ಬಾಯಿ ಬಿಟ್ಟು ಕಾಯುತ್ತಿದ್ದದ್ದು ವರ್ಷಕ್ಕೊಮ್ಮೆ ಬರುವ ‘ಲ್ಯಾಂಡ್ ಆಫೀಸ್’ ಆಟಕ್ಕೆ. ಅಮೆರಿಕದ ಸರ್ಕಾರ ಆಗ ನೂರ ಅರವತ್ತು ಎಕರೆ ನೆಲ ಕೊಡುತ್ತಿತ್ತು. ಐದು ವರ್ಷ ಅಲ್ಲೇ ವಾಸವಿರಬೇಕು, ಮನೆ ಕಟ್ಟಬೇಕು, ಉಳಬೇಕು. ಐದು ವರ್ಷ ಕಳೆದ ಮೇಲೆ ಲ್ಯಾಂಡ್ ಆಫೀಸಿಗೆ ಹೋಗಿ ನಿಲ್ಲಬೇಕು, ಜೊತೆಗೆ ಇಬ್ಬರು ಸಾಕ್ಷಿಗಳು. ಈತ ಅಲ್ಲೇ ಇದ್ದದ್ದನ್ನು ಕಂಡಿದ್ದೇವೆ ಎಂದು ಅಕ್ಕಪಕ್ಕದವರಿಬ್ಬರು ಪ್ರಮಾಣ ಮಾಡಿದರೆ ಮಾತ್ರ ನೆಲ ಅವನದು. ಒಬ್ಬ ಹೇಳಿದರೆ ಸಾಲದು. ಇವರು ಬಡಗಿಯ ಕೈಯಲ್ಲಿ ಮರದ ಸೀಲು ಮಾಡಿಸಿ, ಕನ್ನಡಕ ಮೂಗಿನ ತುದಿಗೆ ಇಳಿಸಿ, ಅಧಿಕಾರಿಯಾಗಿ ಕೂರುತ್ತಿದ್ದರು. ಮನೆಗೆ ಕಿಟಕಿ ಎಷ್ಟು? ಉತ್ತದ್ದು ಎಷ್ಟು ಎಕರೆ? ಊರು ಬಿಟ್ಟು ಹೋಗಿದ್ದನೇ? ಸಾಕ್ಷಿಗಳಾದ ಮಕ್ಕಳು ತಡವರಿಸಿದರೆ ಸೀಲು ಬೀಳುತ್ತಿರಲಿಲ್ಲ. ನೆಲ ಕಳೆದುಕೊಂಡ ಹುಡುಗ ನಿಜವಾಗಿಯೂ ಅತ್ತದ್ದುಂಟು. ಕಾನೂನಿನ ಕಣ್ಣಿಗೆ ಮಣ್ಣೆರಚಲು ಒಂದೇ ಕಿಟಕಿಯ ಚೌಕಟ್ಟನ್ನು ಬಾಡಿಗೆಗೆ ತಂದು ಗುಡಿಸಲಿಂದ ಗುಡಿಸಲಿಗೆ ಹೊತ್ತೊಯ್ಯುತ್ತಿದ್ದವರೂ ಇದ್ದರಂತೆ. ಅದನ್ನು ಹೇಳುವಾಗ ಅವರು ಜೋರಾಗಿ ನಗುತ್ತಿದ್ದರು.

“ಮತ್ತ ನಿಮ್ಮ ಪಾದ್ರಿಯ ತಮ್ಮಗ ನೆಲ ಸಿಕ್ತೇನ್ರಿ?” ಎಂದು ನಾನು ಕೇಳಿದ್ದೆ.

“ಒಬ್ಬ ಸಾಕ್ಷಿ ಹೇಳಿದ, ಅಲ್ಲಿವರೆಗೆ ಓದಿದ್ದೇನೆ. ಎರಡನೆಯವನದ್ದು ಕೊನೆಯ ಪತ್ರದಲ್ಲುಂಟು. ಅದರ ಮಸಿ ಹೋಗಿದೆ ಟೀಚರೇ. ಒಂದು ದಿನಕ್ಕೆ ಒಂದು ಪದ ಸಿಕ್ಕಿದ್ರೆ ನನ್ನ ಪುಣ್ಯ. ಓದಿದ ದಿನ ನಿಮಗೇ ಮೊದಲು ಹೇಳ್ತೇನೆ.”

ಆಮೇಲೆ ರೋಗ ಬಂತು. ಎಂಸಿಓ ಎಂದು ಇಲ್ಲಿ ಕರೆಯುತ್ತಿದ್ದ ಲಾಕ್‌ಡೌನಿನಲ್ಲಿ ಶಾಲೆಯೆಲ್ಲ ಕಂಪ್ಯೂಟರಿನೊಳಗೆ ಹೋಯಿತು. ನಮ್ಮ ಶಾಲೆ ಒಂದು ನಿಯಮ ತಂದಿತು: ಪ್ರತಿ ಆನ್‌ಲೈನ್ ತರಗತಿಯಲ್ಲಿ ಪಾಠ ಮಾಡುವವರ ಜೊತೆಗೆ ಇನ್ನೊಬ್ಬ ಟೀಚರು ಇರಲೇಬೇಕು. ನಾಳೆ ಯಾರಾದರೂ ಏನಾದರೂ ಅಂದರೆ ಹೇಳಲು ಎರಡನೆಯ ಒಬ್ಬರು ಬೇಕಲ್ಲ, ಅದಕ್ಕೆ. ಅವರ ತರಗತಿಗೆ ನನ್ನನ್ನು ಹಾಕಿದರು.

“ನೋಡಿ, ನೀವು ನನ್ನ ಎರಡನೆಯ ಸಾಕ್ಷಿ!” ಎಂದು ಫೋನಿನಲ್ಲಿ ನಕ್ಕರು.

ಎರಡನೆಯವರು ಏನು ಮಾಡುತ್ತಿದ್ದೆವೆಂದು ಎಲ್ಲರಿಗೂ ಗೊತ್ತಿತ್ತು. ಕ್ಯಾಮರಾ, ಮೈಕು ಮುಚ್ಚಿ, ನಮ್ಮ ಹೆಸರಿನ ಮೊದಲ ಅಕ್ಷರವನ್ನು ಅಲ್ಲಿ ಕಾವಲಿಗೆ ಬಿಟ್ಟು ಮನೆಗೆಲಸಕ್ಕೆ ಹೋಗುತ್ತಿದ್ದೆವು. ನಾನು ಲ್ಯಾಪ್‌ಟಾಪನ್ನು ಅಡುಗೆಮನೆಯಲ್ಲಿ ಫ್ರಿಜ್ಜಿನ ಮೇಲಿಟ್ಟು ರೊಟ್ಟಿ ಬಡಿಯುತ್ತಿದ್ದೆ. ಅವರಿಗೆ ಅದೂ ತಿಳಿದಿತ್ತು. “ಮ್ಯೂಟಲ್ಲಿದ್ರೂ ನಿಮ್ಮ ರೊಟ್ಟಿಯ ಸದ್ದು ನಂಗೆ ಕೇಳ್ತದೆ ಟೀಚರೇ,” ಎನ್ನುತ್ತಿದ್ದರು. ಮಕ್ಕಳೂ ಟೀಚರುಗಳೂ ತಮ್ಮ ಹಿಂದೆ ಸಮುದ್ರ, ಬೆಟ್ಟ, ದೊಡ್ಡ ದೊಡ್ಡ ಕಿಟಕಿಗಳ ಚಿತ್ರ ಹಾಕಿಕೊಳ್ಳುವುದನ್ನು ಕಂಡು, ಈಗ ಎಲ್ಲರ ಬೆನ್ನ ಹಿಂದೆಯೂ ಬಾಡಿಗೆ ಕಿಟಕಿ ಎಂದಿದ್ದರು. ಅವರ ಹಿಂದೆ ಮಾತ್ರ ಬಣ್ಣ ಏಳುತ್ತಿದ್ದ ಬ್ರಿಕ್‌ಫೀಲ್ಡ್ಸಿನ ಗೋಡೆಯೇ ಕಾಣುತ್ತಿತ್ತು.

ಆ ವರ್ಷದ ಲ್ಯಾಂಡ್ ಆಫೀಸ್ ಆಟ ಆನ್‌ಲೈನಿನಲ್ಲೇ ಆಯಿತು. ನನ್ನ ಮಗಳು ಅದೇ ತರಗತಿಯಲ್ಲಿದ್ದಳು, ಹದಿನಾಲ್ಕು ವರ್ಷ. ಆಟದಲ್ಲಿ ಅವಳಿಗೆ ಎರಡನೆಯ ಸಾಕ್ಷಿಯ ಪಾತ್ರ. ನೆಲ ಕೇಳುವ ರೈತನಾಗಿದ್ದವನು ಅಮೆರಿಕದ ಹುಡುಗ, ಅವನ ಅಪ್ಪ ಇಲ್ಲಿ ದೊಡ್ಡ ಹುದ್ದೆಯಲ್ಲಿದ್ದರು. ಆಟ ಮುಗಿದ ಮೇಲೆ ಆ ಹುಡುಗ ಹೆಮ್ಮೆಯಿಂದ, ತನ್ನ ಮುತ್ತಜ್ಜನ ಅಪ್ಪನೂ ಜರ್ಮನಿಯಿಂದ ಹೋಗಿ ಹೀಗೆಯೇ ನೆಲ ಪಡೆದವನು, ಅಲ್ಲಿ ಮೊದಲು ಯಾರೂ ಇರಲಿಲ್ಲ ಎಂದ.

“ಯಾರೂ ಇರಲಿಲ್ಲ ಅಂತ ನಿನಗೆ ಹೇಳಿದ್ದು ಯಾರು?” ಎಂದು ಇವರು ಇಂಗ್ಲಿಷಿನಲ್ಲಿ ಕೇಳಿದರು.

ನೆಲದ ಕಾಗದ ಮನೆಯಲ್ಲಿ ಗೋಡೆಗೆ ತೂಗುಹಾಕಿದೆ ಎಂದ ಹುಡುಗ.

ಅದಕ್ಕೆ ಅವರು ಹೇಳಿದ ಮಾತು ನನಗೆ ಅಕ್ಷರಶಃ ನೆನಪಿದೆ. ಆಗ ನಾನು ರೊಟ್ಟಿಯನ್ನು ಹಂಚಿಗೆ ಹಾಕಿ ನೀರು ಸವರುತ್ತಿದ್ದೆ. “ಕಾಗದ ಸುಳ್ಳು ಹೇಳುವುದಿಲ್ಲ ಮಗು. ಆದರೆ ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡುತ್ತದೆ. ಆ ಕಾಗದದಲ್ಲಿ ಕಿಟಕಿ ಎಷ್ಟು ಎಂದು ಕೇಳುತ್ತಾರೆ. ಮೊದಲು ಇಲ್ಲಿ ಯಾರಿದ್ದರು, ಅವರು ಎಲ್ಲಿ ಹೋದರು ಎಂದು ಒಂದು ಗೆರೆಯೂ ಇಲ್ಲ. ನಿನ್ನ ಅಜ್ಜಂದಿರು ಕಷ್ಟಪಟ್ಟದ್ದು ನಿಜ. ಆ ಗೆರೆ ಇಲ್ಲದ್ದೂ ನಿಜ. ಒಂದು ಕೈಯಲ್ಲಿ ಅದನ್ನು ಹಿಡಿದುಕೋ, ಇನ್ನೊಂದರಲ್ಲಿ ಇದನ್ನು.” ಇಷ್ಟೇ. ದನಿ ಕೂಡ ಏರಿಸಲಿಲ್ಲ. ದಿನಾ ಗದರುವ ಮನುಷ್ಯ ಆ ದಿನ ಗದರಲಿಲ್ಲ.

ಎರಡು ದಿನದಲ್ಲಿ ಹುಡುಗನ ಅಪ್ಪನಿಂದ ದೂರು ಬಂತು. ತನ್ನ ಮಗನನ್ನು ಎಲ್ಲರ ಎದುರು ಕಳ್ಳರ ವಂಶದವನೆಂದು ಬೈದರು, ಹುಡುಗ ಅನ್ನ ಬಿಟ್ಟಿದ್ದಾನೆ ಎಂದು. ತರಗತಿಯನ್ನು ರೆಕಾರ್ಡ್ ಮಾಡಿರಲಿಲ್ಲ. ಮಕ್ಕಳನ್ನು ಇದರಲ್ಲಿ ಎಳೆಯಬಾರದೆಂದು ಶಾಲೆ ಹೇಳಿತು. ಉಳಿದವಳು ನಾನೊಬ್ಬಳು. ಅವರ ಪಾಸು ಡಿಸೆಂಬರಿಗೆ ಮುಗಿಯುತ್ತಿತ್ತು. ಮಕ್ಕಳ ಸಂಖ್ಯೆ ಕಡಿಮೆಯಾಗಿ ಶಾಲೆ ಯಾರನ್ನು ಬಿಡಿಸಲಿ ಎಂದು ಹುಡುಕುತ್ತಿದ್ದ ಕಾಲ. ಮಗುವಿಗೆ ಬೈದವರೆಂಬ ಕಪ್ಪುಚುಕ್ಕೆ ಬಿದ್ದರೆ, ಆ ವಯಸ್ಸಿನಲ್ಲಿ ಇನ್ನಾವ ಶಾಲೆಯೂ ಬಾಗಿಲು ತೆರೆಯುವುದಿಲ್ಲ. ನಾನು ಕೇಳಿದ್ದನ್ನು ಕೇಳಿದೆ ಎಂದು ಬರೆದುಕೊಟ್ಟರೆ ದೂರು ಬೀಳುತ್ತಿತ್ತು.

ಶಾಲೆಯ ಹೆಡ್ ನನ್ನನ್ನು ಕಂಪ್ಯೂಟರಿನಲ್ಲೇ ಕರೆದರು. ಬಹಳ ಮೃದು ಮಾತಿನ ಹೆಂಗಸು. ನೀವು ಕಂಡದ್ದನ್ನಷ್ಟೇ ಬರೆಯಿರಿ, ಒತ್ತಾಯವೇನಿಲ್ಲ ಎಂದರು. ಮನೆಯಿಂದ ಕೆಲಸ ಮಾಡುವಾಗ ನೂರೆಂಟು ತಾಪತ್ರಯ, ನೆಟ್‌ವರ್ಕ್ ಕೈಕೊಡುವುದು ಸಹಜ, ಅದನ್ನು ಯಾರೂ ತಪ್ಪು ತಿಳಿಯುವುದಿಲ್ಲ ಎಂದರು. ತರಗತಿಯ ಹೊತ್ತಿನಲ್ಲಿ ನೀವು ಪೂರ್ತಿ ಕೂತಿದ್ದಿರಿ ಎಂದು ಅವರಂತೂ ಹೇಳಿದ್ದಾರೆ ಎಂದೂ ತಿಳಿಸಿದರು. ಅಂದರೆ ನನ್ನ ರೊಟ್ಟಿಯ ಗುಟ್ಟನ್ನು ಸರ ಬಿಟ್ಟುಕೊಟ್ಟಿರಲಿಲ್ಲ. ಕೊನೆಗೆ, ಮರೆತದ್ದು ಈಗ ನೆನಪಾಯಿತೆಂಬಂತೆ, ನಿಮ್ಮ ಪಾಸಿನ ಕಾಗದವೂ ನನ್ನ ಮೇಜಿನ ಮೇಲಿದೆ, ಜನವರಿಗಲ್ಲವೇ ಎಂದರು.

ಬಂದರಿನಲ್ಲಿ ಗಂಡನ ಸಂಬಳ ಅರ್ಧಕ್ಕೆ ಇಳಿದಿತ್ತು. ನಾನು ಅಲ್ಲಿ ಟೀಚರಾಗಿರುವುದರಿಂದಲೇ ಮಗಳಿಗೆ ಆ ಶಾಲೆ. ಸಂಜೆ ಎಲ್ಲವನ್ನೂ ಗಂಡನಿಗೆ ಹೇಳಿದೆ.

“ಅವರಿಗೆ ಹೆಂಡ್ರಿಲ್ಲ, ಮಕ್ಕಳಿಲ್ಲ. ಎಲ್ಲಿದ್ರೂ ನಡೀತದ. ನೀ ಸುಮ್ಮನಿದ್ದುಬಿಡು,” ಎಂದರು.

ಮಗಳು ಊಟ ಬಿಟ್ಟು ತಲೆಯೆತ್ತಿದಳು. ಅವಳಿಗೆ ಕನ್ನಡ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. “ಬಟ್ ಅಮ್ಮಾ, ಯು ಹರ್ಡ್ ಹಿಮ್ ಲಾ. ಯು ವರ್ ದೇರ್!” ಎಂದಳು. ತಾನೇ ಹೆಡ್‌ಗೆ ಮೇಲ್ ಬರೆಯುತ್ತೇನೆ ಎಂದು ಎದ್ದಳು. ನಾನು ಅವಳ ಕೈಯಿಂದ ಲ್ಯಾಪ್‌ಟಾಪ್ ಕಿತ್ತುಕೊಂಡೆ. “ದೊಡ್ಡವರ ನಡುವ ಬಾಯಿ ಹಾಕಬ್ಯಾಡ. ನಾ ಬರೀತೀನಿ,” ಎಂದೆ.

ನಾನು ಬರೆದದ್ದು ಮೂರು ವಾಕ್ಯ. ನಾನು ತರಗತಿಯಲ್ಲಿದ್ದೆ. ಆ ಹೊತ್ತಿಗೆ ಸಂಪರ್ಕ ಸರಿಯಿರಲಿಲ್ಲ. ಅವರು ಏನು ಹೇಳಿದರೆಂದು ಖಚಿತವಾಗಿ ಹೇಳಲಾರೆ. ಬರೆದೆಯಾ ಎಂದು ಮಗಳು ಕೇಳಿದಾಗ ಹೌದು ಎಂದೆ. ಸರಿಯಾಗಿ ಬರೆದೆಯಾ ಎಂದು ಅವಳು ಕೇಳಲಿಲ್ಲ. ಆ ವಯಸ್ಸಿನಲ್ಲಿ ತಾಯಿಯ ಬಗ್ಗೆ ಹಾಗೆಲ್ಲ ಕೇಳಬೇಕೆಂದು ಹೊಳೆಯುವುದಿಲ್ಲ.

ಅವರನ್ನು ಬಿಡಿಸಿದರು. ಕಾಗದದಲ್ಲಿ ದೂರಿನ ಮಾತೇ ಇರಲಿಲ್ಲವಂತೆ, ‘ಪುನರ್ರಚನೆ’ ಎಂದಿತ್ತಂತೆ. ಹದಿನೇಳು ವರ್ಷ ಕಲಿಸಿದ ಮನುಷ್ಯನಿಗೆ ಆನ್‌ಲೈನಿನಲ್ಲೇ ಬೀಳ್ಕೊಡುಗೆ ಆಯಿತು. ಹೆಡ್ ಅವರ ಸೇವೆಯನ್ನು ಕೊಂಡಾಡಿದರು, ನಾವೆಲ್ಲ ಪುಟ್ಟ ಪುಟ್ಟ ಚೌಕಗಳಲ್ಲಿ ಚಪ್ಪಾಳೆ ತಟ್ಟಿದೆವು. ಎಲ್ಲರ ಮೈಕೂ ಮುಚ್ಚಿದ್ದರಿಂದ ಸದ್ದಿರಲಿಲ್ಲ. ಮಾತಾಡಿ ಎಂದಾಗ ಅವರು ಕನ್ನಡಕ ಒರೆಸಿಕೊಂಡು, ಸೀಲು ಶಾಲೆಯ ಕಪಾಟಿನಲ್ಲೇ ಇದೆ, ಮುಂದಿನವರು ಬಳಸಬಹುದು ಎಂದರು. ಅಷ್ಟೇ.

ಅವರು ಹೊರಡುವ ಮುಂಚಿನ ದಿನ ಮಧ್ಯಾಹ್ನ ನಮ್ಮ ಕಾಂಡೋ ಅಪಾರ್ಟ್‌ಮೆಂಟಿನ ಗೇಟಿನಿಂದ ಇಂಟರ್‌ಕಾಮ್ ಬಂತು. ಆಗ ಹೊರಗಿನವರನ್ನು ಒಳಗೆ ಬಿಡುತ್ತಿರಲಿಲ್ಲ. ನಾನು ಕೆಳಗಿಳಿದು ಹೋಗಬಹುದಿತ್ತು.

“ಟೀಚರೇ, ಗಾರ್ಡಿನ ಹತ್ರ ಒಂದು ಕಟ್ಟು ಇಟ್ಟಿದ್ದೇನೆ. ಕೊನೆಯ ಪತ್ರ ಓದಿ ಮುಗೀತು. ಮೊದಲು ನಿಮಗೇ ಹೇಳ್ತೇನೆ ಅಂದಿದ್ದೆನಲ್ಲ.”

“ಮ್ಯಾಲೆ ಬರ್ರಿ ಅನ್ನೋಹಂಗೂ ಇಲ್ರಿ ಸರ, ರೂಲ್ಸು…”

“ಇರಲಿ, ಇರಲಿ. ನಾಳೆ ಊರಿನವರನ್ನು ಕರ್ಕೊಂಡು ಹೋಗುವ ವಿಮಾನ ಉಂಟು, ಸೀಟು ಸಿಕ್ಕಿತು. ಮತ್ತೆ ನೀವು ಬರೆದುಕೊಟ್ಟಿರಲ್ಲ, ಅದಕ್ಕೆ ಉಪಕಾರ ಮಾರಾಯ್ರೆ. ದೊಡ್ಡ ಉಪಕಾರ.”

ನನ್ನ ಬಾಯಿಂದ ಬಂದದ್ದು “ಅದರಾಗೇನೈತ್ರಿ ಸರ,” ಎಂಬ ಮಾತು. ಇಂದಿಗೂ ಆ ಮಾತು ನೆನಪಾದರೆ ಮೈಯುರಿಯುತ್ತದೆ. ಹೆಡ್ ನನ್ನ ಹೇಳಿಕೆಯನ್ನು ತೋರಿಸಿಲ್ಲ, ನಾನು ಅವರ ಪರ ಬರೆದೆನೆಂದೇ ಇವರು ನಂಬಿದ್ದಾರೆ ಎಂದುಕೊಂಡೆ. ನಿಜ ಹೇಳಬೇಕೆಂದರೆ ಆ ಕ್ಷಣ ನನಗೆ ಸಮಾಧಾನವೇ ಆಯಿತು. ಹದಿನಾಲ್ಕನೆಯ ಮಹಡಿಯ ಕಿಟಕಿಯಿಂದ ಬಗ್ಗಿ ನೋಡಿದೆ. ಕೊಡೆ ಮಡಚಿ ಕಂಕುಳಲ್ಲಿಟ್ಟು ಅವರು ಮೇಲೆ ನೋಡಿದರು. ನಮ್ಮ ಮನೆ ಯಾವುದೆಂದು ಗೊತ್ತಾಗದೆ, ಒಟ್ಟು ಕಟ್ಟಡಕ್ಕೇ ಕೈ ಬೀಸಿ ಹೋದರು.

ಕಟ್ಟನ್ನು ನಾನು ಬಿಚ್ಚಲಿಲ್ಲ. ಜನವರಿಯಲ್ಲಿ ನನ್ನ ಪಾಸಿಗೆ ಸೀಲು ಬಿತ್ತು. ಕಟ್ಟು ಅಕ್ಕಿಡಬ್ಬಿಯ ಹಿಂದೆ ಬಿದ್ದಿತ್ತು. ಊರಿನಿಂದ ಅವರು ಎರಡು ಸಲ ಫೋನು ಮಾಡಿದಾಗ ಎತ್ತಲಿಲ್ಲ. ಮೇ ತಿಂಗಳಲ್ಲಿ ಸುದ್ದಿ ಬಂತು.

ಸುದ್ದಿ ಕೇಳಿ ಮಗಳು ಎರಡು ದಿನ ಕೋಣೆ ಬಿಟ್ಟು ಹೊರಗೆ ಬರಲಿಲ್ಲ. ಮೂರನೆಯ ದಿನ ಮಧ್ಯಾಹ್ನ ತಾನೇ ಆ ಕಟ್ಟನ್ನು ತಂದು ಮೇಜಿನ ಮೇಲಿಟ್ಟಳು. ಒಳಗೆ ಕನ್ನಡದ ರೂಳು ನೋಟುಬುಕ್ಕು, ಪ್ಲಾಸ್ಟಿಕ್ ಹಾಳೆಯೊಳಗೆ ಕೊನೆಯ ಪತ್ರದ ಮೂಲ. “ರೀಡ್ ಇಟ್, ಅಮ್ಮಾ. ನಂಗೆ ಎರಡನೆ ವಿಟ್ನೆಸ್ ಬಂದ್ನಾ ಅಂತ ಗೊತ್ತಾಗ್ಬೇಕು,” ಎಂದಳು. ಅವಳು ಆಟದಲ್ಲಿ ಆ ಪಾತ್ರ ಮಾಡಿದ್ದಳು. ಅಪರೂಪಕ್ಕೆ ಅವಳ ಬಾಯಲ್ಲಿ ಕನ್ನಡ ಬಂದಿತ್ತು.

ನಾನು ಗಟ್ಟಿಯಾಗಿ ಓದತೊಡಗಿದೆ. ಪ್ರೀತಿಯ ಅಣ್ಣನಿಗೆ. ಐದು ವರ್ಷ ಮುಗಿಯಿತು. ಗಾಡಿ ಕಟ್ಟಿಕೊಂಡು ಲ್ಯಾಂಡ್ ಆಫೀಸಿಗೆ ಹೋದೆವು. ಮೊದಲನೆಯವನು ಸಾಕ್ಷಿ ಹೇಳಿದ. ಎರಡನೆಯ ಸಾಕ್ಷಿಯೂ ಬಂದಿದ್ದ. ಅಷ್ಟು ಓದುವಾಗ ಕಣ್ಣು ಮುಂದಿನ ಸಾಲುಗಳಿಗೆ ಹೋಗಿತ್ತು. ಗಟ್ಟಿಯಾಗಿ ಓದುವುದನ್ನು ಅಲ್ಲಿಗೇ ನಿಲ್ಲಿಸಿದೆ.

ಮುಂದೆ ಅವರ ಗುಂಡು ಅಕ್ಷರದಲ್ಲಿ ಹೀಗಿತ್ತು: “ನಾನು ಅಲ್ಲೇ ವಾಸವಿದ್ದದ್ದನ್ನು ಕಂಡಿದ್ದೀಯಾ ಎಂದು ಅಧಿಕಾರಿ ಅವನನ್ನು ಕೇಳಿದ. ಖಚಿತವಾಗಿ ಹೇಳಲಾರೆ ಎಂದ. ಐದು ಚಳಿಗಾಲ ನನ್ನ ಒಲೆಯ ಮುಂದೆ ಕೂತು ರೊಟ್ಟಿ ತಿಂದವನು. ಅವನ ನೆಲದ ವಿಚಾರಣೆ ಮುಂದಿನ ತಿಂಗಳು ಅದೇ ಅಧಿಕಾರಿಯ ಮುಂದೆ ಇದೆ, ಹೆದರಿದ. ಹೊರಗೆ ಬಂದ ಮೇಲೆ ನಾನು ಅವನ ಕೈ ಹಿಡಿದು ಉಪಕಾರ ಹೇಳಿದೆ. ಗಾಡಿಯಲ್ಲಿ ಅವನ ಮಗಳು ಕೂತು ನೋಡುತ್ತಿದ್ದಳು. ನಾನು ಹೊರಡುವವನು ಅಣ್ಣಾ. ಅವನು ಅವಳ ಜೊತೆ ಅಲ್ಲೇ ಬಾಳಬೇಕಾದವನು.”

ಮೂಲದಲ್ಲಿ ಹಾಗೆಯೇ ಇದೆಯೋ, ನನಗೆಂದೇ ಅವರು ಸೇರಿಸಿದರೋ ನನಗೆ ಗೊತ್ತಿಲ್ಲ. ಆ ಹಾಳೆಯ ಕೊನೆಯಲ್ಲಿ ನನ್ನ ಕಣ್ಣಿಗೆ ಕಾಣುವುದು ಬರೀ ಕಂದು ಕಲೆ. ಗೊತ್ತಾದದ್ದು ಇಷ್ಟೇ: ಗೇಟಿನಲ್ಲಿ ನಿಂತು ಉಪಕಾರ ಹೇಳಿದಾಗ ಅವರಿಗೆ ಎಲ್ಲವೂ ತಿಳಿದಿತ್ತು.

“ಸೋ ಹಿ ಕೇಮ್?” ಎಂದಳು ಮಗಳು.

“ಹೂಂ. ಬಂದಿದ್ದ,” ಎಂದೆ. ನೋಟುಬುಕ್ಕು ಮುಚ್ಚಿದೆ.

“ಐ ನ್ಯೂ ಇಟ್,” ಎಂದು ಕಣ್ಣೊರೆಸಿಕೊಂಡು ನಕ್ಕಳು. ಆಮೇಲೆ ನನ್ನ ಕೊರಳಿಗೆ ಕೈ ಹಾಕಿ, ನೀನಾದರೂ ಅವರ ಪರ ಬರೆದೆಯಲ್ಲ ಅಮ್ಮಾ, ಅದು ಅವರಿಗೆ ಗೊತ್ತಿತ್ತಲ್ಲ ಎಂದಳು, ಅವಳ ಇಂಗ್ಲಿಷಿನಲ್ಲಿ.

ನಾನು ಓದದೆ ಬಿಟ್ಟದ್ದನ್ನೆಲ್ಲ ಇಲ್ಲಿ ಬರೆದಿದ್ದೇನೆ. ಅವಳಿಗೆ ಕನ್ನಡ ಓದಲು ಬರುವುದಿಲ್ಲ.